ಬೇಸ್‌ಬಾಲ್ ಪಿಚರ್‌ನ ವೃತ್ತಿಜೀವನವನ್ನು ದಾಖಲೆ ಪುಟದಿಂದ ಓದುವುದು ಹೇಗೆ

ಬೇಸ್‌ಬಾಲ್‌ನಲ್ಲಿ ಬ್ಯಾಟರ್‌ಗೆ ಚೆಂಡು ಎಸೆಯುವವನು ಪಿಚರ್. ಅಮೆರಿಕದ ಅಗ್ರ ಲೀಗ್ ಆದ ಮೇಜರ್ ಲೀಗ್‌ನಲ್ಲಿ ಒಂದೇ ಒಂದು ಚೆಂಡು ಎಸೆದವನಿಗೂ ಒಂದು ದಾಖಲೆ ಪುಟ ಇರುತ್ತದೆ. ಬೇಸ್‌ಬಾಲ್ ರೆಫರೆನ್ಸ್, ಫ್ಯಾನ್‌ಗ್ರಾಫ್ಸ್ ತಾಣಗಳಲ್ಲಿ ಹೆಸರು ಹಾಕಿದರೆ ಸಿಗುತ್ತದೆ, ದುಡ್ಡು ಕೊಡಬೇಕಿಲ್ಲ. ವರ್ಷಕ್ಕೊಂದು ಸಾಲು, ಸಾಲಿನ ತುಂಬ ಅಂಕಿ. ಒಬ್ಬ ಪಿಚರ್ ಯಾವಾಗ ಬೆಳೆದ, ಯಾವಾಗ ತೋಳು ಕೈಕೊಟ್ಟಿತು, ಯಾವಾಗ ಕಾಸು ಕಂಡ, ಯಾಕೆ ಮುಗಿದ ಎಂಬುದನ್ನೆಲ್ಲ ಆಟ ಬಲ್ಲವರು ಆ ಪುಟ ನೋಡಿಯೇ ಹೇಳಿಬಿಡುತ್ತಾರೆ. ಹೊಸಬರು ಎಡವುವುದು ಶುರುವಿನಲ್ಲೇ. ಎಡಗಡೆಗೇ ಕಾಣುವ ಗೆಲುವು-ಸೋಲಿನ ಕಾಲಂ ಹಿಡಿದು ಹೊರಡುತ್ತಾರೆ. ಹಿಡಿಯಬೇಕಾದ್ದು ಇನಿಂಗ್‌ನ ಕಾಲಂ (ಇಲ್ಲಿ ಮೂರು ಔಟ್‌ಗೆ ಒಂದು ಇನಿಂಗ್, ಪಂದ್ಯಕ್ಕೆ ಒಂಬತ್ತು). ಪಿಚರ್‌ನ ವೃತ್ತಿ ನಿಂತಿರುವುದು ಎರಡು ಲೆಕ್ಕಗಳ ಮೇಲೆ: ತೋಳು ಎಷ್ಟು ಎಸೆಯಬಲ್ಲದು, ಆ ತೋಳಿನ ಮೇಲಿನ ಹಕ್ಕು ಯಾವ ವರ್ಷದವರೆಗೆ ತಂಡದ್ದು.

ಸ್ಟಾರ್ಟರೋ, ರಿಲೀವರೋ

ಜಿ ಎಂದರೆ ಆಡಿದ ಪಂದ್ಯ. ಜಿಎಸ್ ಎಂದರೆ ತಂಡದ ಪರ ಮೊದಲ ಚೆಂಡು ಎಸೆದ ಪಂದ್ಯ. ಎರಡೂ ಸಮವಿದ್ದರೆ ಸ್ಟಾರ್ಟರ್, ಜಿಎಸ್ ಸೊನ್ನೆಯಿದ್ದರೆ ರಿಲೀವರ್, ಅಂದರೆ ನಡುವೆ ಬದಲಿಯಾಗಿ ಬಂದು ಎಸೆಯುವವನು. ಸೀಸನ್‌ಗೆ 162 ಪಂದ್ಯ, ತಂಡಕ್ಕೆ ಸಾಮಾನ್ಯವಾಗಿ ಐವರು ಸ್ಟಾರ್ಟರ್. ಹಾಗಾಗಿ ವರ್ಷಪೂರ್ತಿ ನೆಟ್ಟಗಿದ್ದವನ ಜಿಎಸ್ 30ರಿಂದ 33 ಇರಬೇಕು. ಇದೇ ನಿಮ್ಮ ಅಳತೆಗೋಲು. 24 ಕಂಡರೆ ಸುಮಾರು ಒಂದೂವರೆ ತಿಂಗಳು ಆತ ಮೈದಾನದಲ್ಲಿ ಇರಲಿಲ್ಲ ಎಂದರ್ಥ. 12 ಕಂಡರೆ ಅರ್ಧಕ್ಕಿಂತ ಹೆಚ್ಚು ಸೀಸನ್ ಹೋಗಿದೆ. ಆದರೆ 2020ರ ಸಾಲಿನಲ್ಲಿ 12 ಕಂಡರೆ ಗಾಬರಿ ಬೇಡ. ಕೋವಿಡ್‌ನಿಂದಾಗಿ ಆ ವರ್ಷ ನಡೆದದ್ದೇ 60 ಪಂದ್ಯ. 1981, 1994, 1995ರ ಸಾಲುಗಳೂ ಮುಷ್ಕರದಿಂದ ಮೊಟಕಾದವು. ಈ ನಾಲ್ಕು ವರ್ಷಗಳನ್ನು ನೆನಪಿಟ್ಟುಕೊಳ್ಳಿ, ಇಲ್ಲದ ಗಾಯವನ್ನು ಹುಡುಕುತ್ತ ಕೂರುವುದು ತಪ್ಪುತ್ತದೆ.

ರಿಲೀವರ್‌ನ ಸಾಲು ಬೇರೆ ರೀತಿ ಕಾಣುತ್ತದೆ: 60ರ ಆಸುಪಾಸು ಪಂದ್ಯ, ಇನಿಂಗ್ ಕೂಡ ಅಷ್ಟೇ. ಅವರಲ್ಲಿ ಪಂದ್ಯ ಮುಗಿಸಲು ಬರುವ ಕ್ಲೋಸರ್ ಯಾರು ಎಂಬುದು ಸೇವ್ ಕಾಲಂನಿಂದ ಗೊತ್ತಾಗುತ್ತದೆ. ಗೆದ್ದ ಪಂದ್ಯದ ಕೊನೆಯ ಔಟ್ ಇವನದೇ ಆಗಿರಬೇಕು, ಗೆಲುವು ಇವನ ಹೆಸರಿಗೆ ಹೋಗಿರಬಾರದು. ಜತೆಗೆ ಮೂರು ರನ್ ಅಥವಾ ಅದಕ್ಕಿಂತ ಕಡಿಮೆ ಮುನ್ನಡೆಯಲ್ಲಿ ಬಂದು ಕನಿಷ್ಠ ಒಂದು ಇನಿಂಗ್ ಎಸೆದಿದ್ದರೆ ಸೇವ್ ಸಿಗುತ್ತದೆ. ಸಮಬಲದ ರನ್ ಹೊಡೆಯಬಲ್ಲವನು ಬೇಸ್ (ರನ್ ಓಟದ ಹಾದಿಯ ತಂಗುದಾಣ) ಮೇಲೋ ಬ್ಯಾಟ್ ಹಿಡಿದೋ ಮುಂದಿನ ಸರದಿಗೆ ಕಾಯುತ್ತಲೋ ಇರುವಾಗ ಬಂದವನಿಗೂ, ಕೊನೆಯ ಮೂರು ಇನಿಂಗ್ ಚೆನ್ನಾಗಿ ಎಸೆದವನಿಗೂ ಸಿಗುತ್ತದೆ. ಮೂರು ರನ್ ಮುನ್ನಡೆಯನ್ನು ಒಂದು ಇನಿಂಗ್ ಕಾಯುವುದು ಅಂಥ ಘನಕಾರ್ಯವೇನಲ್ಲ. ಸೇವ್ ಸಂಖ್ಯೆ ಹೇಳುವುದು ಕೋಚ್ ಯಾರನ್ನು ನಂಬಿದ್ದ ಎಂಬುದನ್ನು ಮಾತ್ರ.

ಜಿಎಸ್ ಕಾಲಂ ಮೇಲಿಂದ ಕೆಳಕ್ಕೆ ಹೇಗೆ ಬದಲಾಗುತ್ತದೆ ನೋಡಿ. ಆರಂಭದ ವರ್ಷಗಳಲ್ಲಿ ಒಂದಷ್ಟು ಅಂಕಿ, ಆಮೇಲೆ ಸೊನ್ನೆ ಎಂದಿದ್ದರೆ ಸ್ಟಾರ್ಟರ್ ಆಗಿ ನಿಲ್ಲಲಾಗದೆ ರಿಲೀವರ್ ಆದವನು. ರಿಲೀವರ್‌ಗಳಲ್ಲಿ ಬಹಳ ಜನ ಹೀಗೇ ಹುಟ್ಟುತ್ತಾರೆ. 652 ಸೇವ್‌ಗಳ ದಾಖಲೆ ಬರೆದ ಮರಿಯಾನೊ ರಿವೆರಾನ 1995ರ ಸಾಲಿನಲ್ಲೂ 10 ಸ್ಟಾರ್ಟ್ ಇದೆ, ಇಆರ್‌ಎ (ಒಂಬತ್ತು ಇನಿಂಗ್‌ಗೆ ಕೊಟ್ಟ ರನ್, ಕಡಿಮೆಯಿದ್ದಷ್ಟೂ ಒಳ್ಳೆಯದು) 5.51. ಜಾನ್ ಸ್ಮೋಲ್ಟ್ಸ್‌ನ ಪುಟ ಇನ್ನೂ ವಿಚಿತ್ರ: 1999ರವರೆಗೆ ಸ್ಟಾರ್ಟರ್, 2000 ಪೂರ್ತಿ ಖಾಲಿ, 2002ರಲ್ಲಿ 55 ಸೇವ್, 2005ರಲ್ಲಿ ಮತ್ತೆ ಸ್ಟಾರ್ಟರ್. ಆ ಖಾಲಿ ವರ್ಷ ಮೊಣಕೈ ಶಸ್ತ್ರಚಿಕಿತ್ಸೆಯದ್ದು. ನಡುವಿನ ರಿಲೀಫ್ ವರ್ಷಗಳು ತೋಳಿನ ಮೇಲಿನ ಭಾರ ಇಳಿಸಲು.

2018ರ ನಂತರದ ಪುಟಗಳಲ್ಲಿ ಇನ್ನೊಂದು ಗೊಂದಲ ಎದುರಾಗುತ್ತದೆ. ಆ ವರ್ಷದ ಮೇ ತಿಂಗಳಲ್ಲಿ ಟ್ಯಾಂಪಾ ಬೇ ರೇಸ್ ತಂಡ ರಿಲೀವರ್ ಸರ್ಜಿಯೊ ರೋಮೊನನ್ನು ಸತತ ಎರಡು ದಿನ ಸ್ಟಾರ್ಟರ್ ಜಾಗದಲ್ಲಿ ಇಳಿಸಿತು. ಒಂದೆರಡು ಇನಿಂಗ್ ಎಸೆದು ಹೊರಡುವ ಇಂಥವರಿಗೆ ಓಪನರ್ ಎನ್ನುತ್ತಾರೆ. ದಾಖಲೆಯಲ್ಲಿ ಅದು ಜಿಎಸ್ ಎಂದೇ ಬೀಳುತ್ತದೆ. ಸ್ಟಾರ್ಟ್ ಒಂದಕ್ಕೆ ಎರಡು ಇನಿಂಗೂ ಬಾರದಿದ್ದರೆ ಆತ ಸ್ಟಾರ್ಟರ್ ಅಲ್ಲ.

ಚುಕ್ಕಿಯನ್ನು ದಶಮಾಂಶ ಎಂದು ಓದಬೇಡಿ

ಐಪಿ ಕಾಲಂನಲ್ಲಿ 140.1 ಎಂದಿದ್ದರೆ 140 ಇನಿಂಗ್ ಮತ್ತು ಒಂದು ಔಟ್, ಅಂದರೆ 140⅓. ಚುಕ್ಕಿಯ ಬಲಕ್ಕೆ 0, 1, 2 ಬಿಟ್ಟು ಬೇರೇನೂ ಬರುವುದಿಲ್ಲ. ಕ್ರಿಕೆಟ್‌ನಲ್ಲಿ 18.4 ಓವರ್ ಓದುವ ಕಣ್ಣಿಗೆ ಇದು ಹೊಸದಲ್ಲ. ಅಲ್ಲಿ ಆರು ಚೆಂಡು, ಇಲ್ಲಿ ಮೂರು ಔಟ್. ತಪ್ಪಾಗುವುದು ಕಂಪ್ಯೂಟರ್‌ನಲ್ಲಿ ಕೂಡಿಸುವಾಗ. ಜೇಕಬ್ ಡಿಗ್ರಾಮ್‌ನ 2022, 2023, 2024ರ ಇನಿಂಗ್‌ಗಳು 64.1, 30.1, 10.2. ಎಕ್ಸೆಲ್‌ಗೆ ಹಾಕಿದರೆ 104.4 ಬರುತ್ತದೆ. ಅಂಥ ಅಂಕಿಯೇ ಇಲ್ಲ. ಸರಿಯಾದ ಮೊತ್ತ 105.1. ಪೂರ್ಣಾಂಕಗಳನ್ನು ಒಂದು ಕಡೆ, ಔಟ್‌ಗಳನ್ನು ಇನ್ನೊಂದು ಕಡೆ ಕೂಡಿಸಿ, ಔಟ್‌ಗಳ ಮೊತ್ತವನ್ನು ಮೂರರಿಂದ ಭಾಗಿಸಿ ಸೇರಿಸಿದರಾಯಿತು.

ಮೂರು ವರ್ಷಕ್ಕೆ 105 ಇನಿಂಗ್. ಇದೇ ಡಿಗ್ರಾಮ್ 2018ರ ಒಂದೇ ವರ್ಷ 217 ಎಸೆದಿದ್ದ. ಬೇರಾವ ಕಾಲಂ ನೋಡದೆಯೂ ತೋಳಿಗೆ ಏನೋ ಆಗಿದೆ ಎಂದು ಇಷ್ಟರಿಂದಲೇ ಹೇಳಬಹುದು. ಇನಿಂಗ್‌ನಿಂದ ಶುರುಮಾಡಿ ಎನ್ನುವುದು ಇದಕ್ಕೇ.

ಎಷ್ಟು ಇನಿಂಗ್ ಎಸೆದರೆ ಹೆಚ್ಚು ಎಂಬುದು ಕಾಲದ ಮೇಲೆ ನಿಂತಿದೆ. 1972ರಲ್ಲಿ ಸ್ಟೀವ್ ಕಾರ್ಲ್ಟನ್ 346.1 ಎಸೆದ, 1974ರಲ್ಲಿ ನೋಲನ್ ರಯನ್ 332.2. ಆಗ ನಾಲ್ವರು ಸ್ಟಾರ್ಟರ್‌ಗಳಲ್ಲೇ ಸೀಸನ್ ತೂಗಿಸುತ್ತಿದ್ದ ತಂಡಗಳಿದ್ದವು. ಈಗ 200 ದಾಟುವವರು ಇಡೀ ಲೀಗ್‌ನಲ್ಲಿ ಬೆರಳೆಣಿಕೆಯಷ್ಟು ಮಂದಿ. ಪಂದ್ಯಕ್ಕೆ ನೂರರ ಆಸುಪಾಸು ಚೆಂಡಾದರೆ ಕೋಚ್ ಹೊರಗೆ ಕರೆಯುತ್ತಾನೆ. ಇಂದಿನ ಪಿಚರ್‌ಗೆ 170 ಇನಿಂಗ್ ಗೌರವದ ಅಂಕಿ. ಇಆರ್‌ಎ ಪಟ್ಟಿಯಲ್ಲಿ ಹೆಸರು ಬರಲು ತಂಡದ ಪಂದ್ಯಕ್ಕೊಂದರಂತೆ 162 ಇನಿಂಗ್ ಬೇಕು. ಅಷ್ಟು ಮುಟ್ಟದ ಒಳ್ಳೆಯ ಪಿಚರ್‌ಗಳೂ ಈಗ ಬೇಕಾದಷ್ಟಿದ್ದಾರೆ.

ಗೆಲುವಿನ ಕಾಲಂ

ಬಿಟ್ಟುಬಿಡಿ. ಸ್ಟಾರ್ಟರ್ ಐದು ಇನಿಂಗ್ ಮುಗಿಸಿರಬೇಕು, ಹೊರಡುವಾಗ ತಂಡ ಮುಂದಿರಬೇಕು, ಆಮೇಲೆ ಬಂದವರು ಆ ಮುನ್ನಡೆ ಕಳೆಯಬಾರದು. ಆಗ ಮಾತ್ರ ಅವನಿಗೆ ಗೆಲುವು. ಮೂರರಲ್ಲಿ ಎರಡು ಅವನ ಕೈಯಲ್ಲಿಲ್ಲ. ಶ್ರೇಷ್ಠ ಪಿಚರ್‌ಗೆ ಕೊಡುವ ಸೈ ಯಂಗ್ ಪ್ರಶಸ್ತಿಯನ್ನು 2010ರಲ್ಲಿ 13–12ರ (13 ಗೆಲುವು, 12 ಸೋಲು) ಫೆಲಿಕ್ಸ್ ಹೆರ್ನಾಂಡೆಜ್, 2018ರಲ್ಲಿ 10–9ರ ಡಿಗ್ರಾಮ್, 2025ರಲ್ಲಿ 10–10ರ ಪಾಲ್ ಸ್ಕೀನ್ಸ್ ಗೆದ್ದಿದ್ದಾರೆ. ಮತ ಹಾಕುವ ಪತ್ರಕರ್ತರೇ ಈ ಕಾಲಂ ಬಿಟ್ಟಾಯಿತು. ಅದು ಬೆಲೆ ಕಂಡುಕೊಳ್ಳುವುದು ತೀರ ಅಪರೂಪಕ್ಕೆ: 1972ರಲ್ಲಿ ಫಿಲಡೆಲ್ಫಿಯಾ ಗೆದ್ದ 59 ಪಂದ್ಯಗಳಲ್ಲಿ 27 ಕಾರ್ಲ್ಟನ್ ಒಬ್ಬನವು.

ಇಆರ್‌ಎ ಎಲ್ಲಿ ಸುಳ್ಳು ಹೇಳುತ್ತದೆ

ಇಆರ್‌ಎ ಎಂದರೆ ಒಂಬತ್ತು ಇನಿಂಗ್‌ಗೆ ಪಿಚರ್ ಬಿಟ್ಟುಕೊಟ್ಟ ರನ್. ಡಿಗ್ರಾಮ್ 2018ರಲ್ಲಿ 217 ಇನಿಂಗ್‌ಗೆ ಕೊಟ್ಟದ್ದು 41 ರನ್; 41 × 9 ÷ 217 = 1.70. ಫೀಲ್ಡರ್‌ನ ತಪ್ಪಿನಿಂದ ಬಂದ ರನ್ ಇದರಲ್ಲಿ ಸೇರುವುದಿಲ್ಲ. ಯಾವುದು ತಪ್ಪು, ಯಾವುದು ಹಿಟ್ (ಬ್ಯಾಟರ್ ಹೊಡೆದು ಗಳಿಸಿದ ಬೇಸ್) ಎಂದು ತೀರ್ಮಾನಿಸುವವನು ಮೈದಾನದ ಅಧಿಕೃತ ಸ್ಕೋರರ್. ಅಲ್ಲಿಗೆ ಮೊದಲ ಅನುಮಾನ ಶುರು.

ಎರಡನೆಯದು ರಿಲೀವರ್‌ಗಳದ್ದು. ಸ್ಟಾರ್ಟರ್ ಎರಡು ಬೇಸ್ ತುಂಬಿಸಿಟ್ಟು ಹೊರಟ, ರಿಲೀವರ್ ಬಂದು ಡಬಲ್ (ಎರಡು ಬೇಸ್‌ನ ಹಿಟ್) ಹೊಡೆಸಿಕೊಂಡ, ಇಬ್ಬರೂ ಓಡಿಬಂದರು ಎನ್ನಿ. ಆ ಎರಡು ರನ್ ಸ್ಟಾರ್ಟರ್‌ನ ಲೆಕ್ಕಕ್ಕೆ. ಹೊಡೆಸಿಕೊಂಡ ರಿಲೀವರ್‌ನ ಇಆರ್‌ಎ ಕದಲುವುದೇ ಇಲ್ಲ. ಹಾಗಾಗಿ ರಿಲೀವರ್‌ನ ಪುಟದಲ್ಲಿ ಐಆರ್, ಐಎಸ್ ಎಂಬ ಕಾಲಂಗಳನ್ನು ಹುಡುಕಿ. ಮೊದಲನೆಯದು ಅವನಿಗೆ ವಹಿಸಿದ ರನ್ನರ್‌ಗಳು, ಎರಡನೆಯದು ಅವರಲ್ಲಿ ಮನೆ ಸೇರಿದವರು, ಅಂದರೆ ರನ್ ಗಳಿಸಿದವರು. ಮೂವರಲ್ಲಿ ಒಬ್ಬ ಸೇರಿದರೆ ಸಾಧಾರಣ. ಅರ್ಧಕ್ಕರ್ಧ ಸೇರುತ್ತಿದ್ದರೆ ಆ ಚೆಂದದ ಇಆರ್‌ಎ ಬೇರೆಯವರ ಖರ್ಚಿನಲ್ಲಿ ಬಂದದ್ದು. 2020ರಿಂದ ಲೀಗ್ ಹಂತದ ಪಂದ್ಯ ಹೆಚ್ಚುವರಿ ಇನಿಂಗ್‌ಗೆ ಹೋದರೆ ಎರಡನೇ ಬೇಸ್ ಮೇಲೆ ಪುಕ್ಕಟೆ ರನ್ನರ್ ನಿಲ್ಲಿಸುತ್ತಾರೆ. ಅವನ ರನ್ ಕೂಡ ಇಆರ್‌ಎಗೆ ಬರುವುದಿಲ್ಲ.

ರಿಲೀವರ್‌ನ ಒಂದು ವರ್ಷದ ಇಆರ್‌ಎ ನಂಬದಿರಲು ಇನ್ನೂ ಸರಳ ಕಾರಣವಿದೆ. 60 ಇನಿಂಗ್‌ಗೆ 20 ರನ್ ಕೊಟ್ಟರೆ 3.00. ಅದರಲ್ಲಿ ತಲಾ ನಾಲ್ಕು ರನ್ ಕೊಟ್ಟ ಎರಡು ಕೆಟ್ಟ ರಾತ್ರಿಗಳ ರನ್ ತೆಗೆದರೆ 1.80. ಎರಡು ರಾತ್ರಿಯಿಂದ ಸಾಧಾರಣದವನು ಅದ್ಭುತದವನಾಗುತ್ತಾನೆ. ಕನಿಷ್ಠ ಮೂರು ವರ್ಷ ಒಟ್ಟಿಗೆ ನೋಡದೆ ರಿಲೀವರ್ ಬಗ್ಗೆ ಮಾತಾಡಬೇಡಿ.

ಮೂರನೆಯದು ಮೈದಾನ ಮತ್ತು ಕಾಲ. ಕೊಲರಾಡೊ ರಾಕೀಸ್ ಆಡುವ ಡೆನ್ವರ್ ಸಮುದ್ರಮಟ್ಟದಿಂದ ಸುಮಾರು 1,600 ಮೀಟರ್ ಎತ್ತರದಲ್ಲಿದೆ. ತೆಳು ಗಾಳಿಯಲ್ಲಿ ಕರ್ವ್‌ಬಾಲ್ ತಿರುಗುವುದು ಕಡಿಮೆ, ಹೊಡೆದ ಚೆಂಡು ಹಾರುವುದು ಹೆಚ್ಚು. ಅಲ್ಲಿನ 4.20, ಬೇರೆಡೆಯ 3.50ಕ್ಕಿಂತ ಒಳ್ಳೆಯದಿರಬಹುದು. ಇದನ್ನು ಸರಿದೂಗಿಸಲೆಂದೇ ಇಆರ್‌ಎ ಪ್ಲಸ್ ಎಂಬ ಕಾಲಂ ಇದೆ. 100 ಎಂದರೆ ಆ ವರ್ಷದ ಲೀಗ್ ಸರಾಸರಿ; ಮೇಲೆ ಹೋದಷ್ಟೂ ಒಳ್ಳೆಯದು. ಬಾಬ್ ಗಿಬ್ಸನ್ 1968ರಲ್ಲಿ 1.12 ಇಆರ್‌ಎ ಬರೆದ, ಪ್ಲಸ್ 258. ಪೆಡ್ರೊ ಮಾರ್ಟಿನೆಜ್ 2000ದಲ್ಲಿ 1.74 ಬರೆದ, ಪ್ಲಸ್ 291. 1968ರಲ್ಲಿ ಲೀಗ್‌ಗೆ ಲೀಗೇ ರನ್ ಬಾರದೆ ಒದ್ದಾಡುತ್ತಿತ್ತು. ಮರುವರ್ಷ ಪಿಚರ್ ನಿಲ್ಲುವ ದಿಬ್ಬವನ್ನು 15 ಇಂಚಿನಿಂದ 10 ಇಂಚಿಗೆ ಇಳಿಸಿ, ಸ್ಟ್ರೈಕ್ ವಲಯವನ್ನೂ (ಎಸೆತ ಸರಿ ಎಂದು ಲೆಕ್ಕವಾಗುವ ಜಾಗ) ಕಿರಿದಾಗಿಸಿದರು. ಮಾರ್ಟಿನೆಜ್ ಎಸೆದದ್ದು ಹೋಮ್ ರನ್‌ಗಳ (ಕ್ರಿಕೆಟ್‌ನ ಸಿಕ್ಸರ್‌ನಂಥ ಹೊಡೆತ) ಸುರಿಮಳೆಯ ಕಾಲದಲ್ಲಿ. ಎರಡು ಕಾಲದ ಪಿಚರ್‌ಗಳನ್ನು ಹೋಲಿಸುವಾಗ ಬರೀ ಇಆರ್‌ಎ ಇಟ್ಟುಕೊಂಡು ವಾದಿಸುವವರ ಜತೆ ವಾದಕ್ಕೆ ಇಳಿಯದಿರುವುದು ಲೇಸು.

ಪಿಚರ್‌ನ ಕೈಯಲ್ಲೇ ಇರುವ ಮೂರು ಸಂಗತಿ

ಬ್ಯಾಟ್‌ಗೆ ತಗುಲಿ ಮೈದಾನದೊಳಗೆ ಬಿದ್ದ ಚೆಂಡು ಹಿಟ್ ಆಗುವುದೋ ಔಟ್ ಆಗುವುದೋ ಎಂಬುದರ ಬಹುಪಾಲು ಫೀಲ್ಡರ್ ಮತ್ತು ಅದೃಷ್ಟದ್ದು. ಲೀಗ್ ಒಟ್ಟಾರೆ ನೋಡಿದರೆ ಹೀಗೆ ಬಿದ್ದ ಚೆಂಡುಗಳಲ್ಲಿ ನೂರಕ್ಕೆ 29–30 ಹಿಟ್ ಆಗುತ್ತವೆ. ಒಬ್ಬ ಪಿಚರ್‌ನ ಈ ಅಂಕಿ ಒಂದು ವರ್ಷ 24ಕ್ಕೆ ಇಳಿದರೆ ಮುಂದಿನ ವರ್ಷ ಅದು 30ರ ಕಡೆ ಹಿಂತಿರುಗುವ ಸಾಧ್ಯತೆಯೇ ಹೆಚ್ಚು. ಪುಟದಲ್ಲಿ ಇದರ ಹೆಸರು ಬಾಬಿಪ್; .240, .300 ಎಂದು ಬರೆದಿರುತ್ತದೆ. ಪೂರ್ತಿಯಾಗಿ ಪಿಚರ್‌ನದ್ದೇ ಎನ್ನಬಹುದಾದವು ಸ್ಟ್ರೈಕ್‌ಔಟ್ (ಮೂರು ಸ್ಟ್ರೈಕ್‌ಗೆ ಬ್ಯಾಟರ್ ಔಟ್), ವಾಕ್ (ವಲಯದಾಚೆಯ ನಾಲ್ಕು ಎಸೆತಕ್ಕೆ ಪುಕ್ಕಟೆ ಬೇಸ್), ಹೋಮ್ ರನ್.

ಮೊದಲ ಎರಡನ್ನು ಎದುರಿಸಿದ ಬ್ಯಾಟರ್‌ಗಳ ಸಂಖ್ಯೆಯಿಂದ ಭಾಗಿಸಿ. ಒಂಬತ್ತು ಇನಿಂಗ್‌ಗೆ ಎಷ್ಟು ಎಂಬ ಹಳೆಯ ಅಳತೆ ಅಷ್ಟು ಒಳ್ಳೆಯದಲ್ಲ: ಹಿಟ್ ಕೊಟ್ಟು ಕೊಟ್ಟು ಇನಿಂಗ್ ಉದ್ದ ಮಾಡುವವನಿಗೆ ಎದುರಿಸಲು ಬ್ಯಾಟರ್‌ಗಳೂ ಹೆಚ್ಚು ಸಿಗುತ್ತಾರೆ, ಸ್ಟ್ರೈಕ್‌ಔಟೂ ಹೆಚ್ಚುತ್ತದೆ. ಡಿಗ್ರಾಮ್ 2018ರಲ್ಲಿ ಎದುರಿಸಿದ್ದು 835 ಬ್ಯಾಟರ್, ಸ್ಟ್ರೈಕ್‌ಔಟ್ 269, ವಾಕ್ 46. ಶೇ 32.2 ಮತ್ತು ಶೇ 5.5. ಈಚಿನ ಲೀಗ್ ಸರಾಸರಿ ಕ್ರಮವಾಗಿ ಸುಮಾರು 22 ಮತ್ತು 8. ಒಂದರಿಂದ ಇನ್ನೊಂದನ್ನು ಕಳೆಯಿರಿ. 14ರ ಆಸುಪಾಸು ಬಂದರೆ ಸಾಧಾರಣ, 20 ದಾಟಿದರೆ ಉತ್ತಮ. ಡಿಗ್ರಾಮ್‌ನದ್ದು 26.7. ಒಂದೇ ಅಂಕಿ ನೋಡಿ ಪಿಚರ್‌ನ ಬೆಲೆ ಕಟ್ಟಬೇಕೆಂದರೆ ಈ ವ್ಯತ್ಯಾಸವನ್ನೇ ನೋಡಿ.

ಮೂರನ್ನೂ ಸೇರಿಸಿದ ಸೂತ್ರ ಎಫ್‌ಐಪಿ. ಲೆಕ್ಕ ಹೀಗಿದೆ: ಹೋಮ್ ರನ್ 13ರಿಂದ ಗುಣಿಸಿ, ವಾಕ್ ಮತ್ತು ಚೆಂಡು ಮೈಗೆ ತಗುಲಿದ ಬ್ಯಾಟರ್‌ಗಳನ್ನು ಕೂಡಿಸಿ 3ರಿಂದ ಗುಣಿಸಿ, ಎರಡರ ಮೊತ್ತದಿಂದ ಸ್ಟ್ರೈಕ್‌ಔಟ್‌ನ ಎರಡರಷ್ಟನ್ನು ಕಳೆಯಿರಿ, ಇನಿಂಗ್‌ನಿಂದ ಭಾಗಿಸಿ, ಆ ವರ್ಷದ ಸ್ಥಿರಾಂಕ ಸೇರಿಸಿ. ಸ್ಥಿರಾಂಕ 3.1ರ ಹತ್ತಿರ ಇರುತ್ತದೆ. ಲೀಗ್‌ನ ಎಫ್‌ಐಪಿ ಮತ್ತು ಇಆರ್‌ಎ ಸರಾಸರಿ ಒಂದೇ ಆಗಲೆಂದು ಅದನ್ನು ಸೇರಿಸುತ್ತಾರೆ. ಡಿಗ್ರಾಮ್‌ನ 2018: 10 ಹೋಮ್ ರನ್‌ಗೆ 130, 46 ವಾಕ್ ಮತ್ತು 5 ತಗುಲಿದವರಿಗೆ 153, ಒಟ್ಟು 283. ಅದರಿಂದ 538 ಕಳೆದರೆ −255. 217ರಿಂದ ಭಾಗಿಸಿದರೆ −1.18. ಆ ವರ್ಷದ ಸ್ಥಿರಾಂಕ 3.16 ಸೇರಿಸಿದರೆ 1.98. ಇಆರ್‌ಎ 1.70, ಎಫ್‌ಐಪಿ 1.98. ಅಂತರ ಸಣ್ಣದು, ಅಂದರೆ ಆ ವರ್ಷ ಅದೃಷ್ಟದ ಕೊಡುಗೆ ಅಲ್ಪ. ಇಆರ್‌ಎ 2.80 ಇದ್ದು ಎಫ್‌ಐಪಿ 4.00 ಇದ್ದರೆ ಮುಂದಿನ ವರ್ಷ ಪೆಟ್ಟು ಕಾದಿದೆ ಎಂದೇ ಎಣಿಸಿ. ದುರ್ಬಲ ಹೊಡೆತಗಳನ್ನೇ ಹೊಡೆಸುವ ಕೆಲವರು, ಮುಖ್ಯವಾಗಿ ನಕಲ್‌ಬಾಲ್ (ಸುತ್ತಿಲ್ಲದೆ ತೇಲಿಬರುವ ನಿಧಾನದ ಎಸೆತ) ಎಸೆಯುವವರು, ವರ್ಷಗಟ್ಟಲೆ ಎಫ್‌ಐಪಿಗಿಂತ ಕಡಿಮೆ ಇಆರ್‌ಎ ಇಟ್ಟುಕೊಳ್ಳುತ್ತಾರೆ. ಅಂಥವನೆಂದು ಒಪ್ಪುವ ಮುನ್ನ ನಾಲ್ಕೈದು ವರ್ಷದ ಸಾಲು ಬೇಡಿ.

ಎರಡು ತಾಣಗಳಲ್ಲಿ ಒಬ್ಬನದೇ ವಾರ್ ಅಂಕಿ (ಸುಲಭಕ್ಕೆ ಸಿಗುವ ಬದಲಿ ಆಟಗಾರನಿಗಿಂತ ಎಷ್ಟು ಗೆಲುವು ಹೆಚ್ಚು ತಂದ ಎಂಬ ಅಂದಾಜು) ಬೇರೆ ಬೇರೆ ಕಾಣುವುದೂ ಇದರಿಂದಲೇ. ಬೇಸ್‌ಬಾಲ್ ರೆಫರೆನ್ಸ್ ನಿಜಕ್ಕೂ ಬಂದ ರನ್‌ಗಳಿಂದ ಲೆಕ್ಕ ಹಾಕುತ್ತದೆ, ಫ್ಯಾನ್‌ಗ್ರಾಫ್ಸ್ ಎಫ್‌ಐಪಿಯಿಂದ.

ಖಾಲಿ ವರ್ಷ, ಕುಗ್ಗಿದ ವರ್ಷ

1974ರ ಜುಲೈನಲ್ಲಿ ಡಾಡ್ಜರ್ಸ್ ತಂಡದ ಪಿಚರ್ ಟಾಮಿ ಜಾನ್ ಮೊಣಕೈಯ ಅಸ್ಥಿರಜ್ಜು ಹರಿದುಕೊಂಡ. ಅಲ್ಲಿಯವರೆಗೆ ಅದು ವೃತ್ತಿಯ ಕೊನೆ ಎಂದೇ ಲೆಕ್ಕ. ಸೆಪ್ಟೆಂಬರ್ 25ರಂದು ಡಾಕ್ಟರ್ ಫ್ರಾಂಕ್ ಜೋಬ್ ಇನ್ನೊಂದು ಕೈಯ ಮಣಿಕಟ್ಟಿನ ಬಳಿಯ ಸ್ನಾಯುರಜ್ಜು ತೆಗೆದು ಅಲ್ಲಿಗೆ ಹೊಲಿದರು. ಅವನ ಪುಟದಲ್ಲಿ 1975 ಖಾಲಿ. 1976ರಲ್ಲಿ 10–10, 1977ರಲ್ಲಿ 20–7. ಕೊನೆಯ ಸಾಲು 1989ರದ್ದು. ಒಟ್ಟು 288 ಗೆಲುವಿನಲ್ಲಿ 164 ಶಸ್ತ್ರಚಿಕಿತ್ಸೆಯ ನಂತರದವು. ಅಂದಿನಿಂದ ಆ ಶಸ್ತ್ರಚಿಕಿತ್ಸೆಗೆ ಅವನದೇ ಹೆಸರು.

ಈಗಿನ ಪಿಚರ್‌ನ ಪುಟದಲ್ಲಿ ಒಂದು ಪೂರ್ಣ ವರ್ಷ ಖಾಲಿಯಿದ್ದು, ಹಿಂದಿನ ಅಥವಾ ಮುಂದಿನ ವರ್ಷ ಅರೆಬರೆ ಇದ್ದರೆ ಮೊದಲ ಊಹೆ ಇದೇ ಆಗಿರಲಿ. ಮರಳಲು ಸಾಮಾನ್ಯವಾಗಿ 12ರಿಂದ 18 ತಿಂಗಳು ಬೇಕು. ಏಪ್ರಿಲ್‌ನಲ್ಲಿ ಕೊಯ್ಯಿಸಿಕೊಂಡವನಿಗೆ ಮರುವರ್ಷದ ಆಟ ಸ್ವಲ್ಪವಾದರೂ ಸಿಗಬಹುದು, ಸೆಪ್ಟೆಂಬರ್‌ನಲ್ಲಾದರೆ ಮರುವರ್ಷ ಬಹುತೇಕ ಪೂರ್ತಿ ಹೋದಂತೆ. ಮರಳಿದ ಮೊದಲ ಸಾಲಿನಲ್ಲಿ ವಾಕ್ ಹೆಚ್ಚಿದ್ದರೆ ತೀರ್ಪು ಕೊಡಬೇಡಿ. ವೇಗ ಮೊದಲು ಬರುತ್ತದೆ, ಚೆಂಡು ಬೇಕಾದಲ್ಲಿ ಬೀಳಿಸುವ ಹಿಡಿತ ತಡವಾಗಿ ಬರುತ್ತದೆ.

ಭುಜದ ಗಾಯ ಇದಕ್ಕಿಂತ ಕೆಟ್ಟದ್ದು. ಯೋಹಾನ್ ಸಾಂಟಾನಾ 2010ರ ಸೆಪ್ಟೆಂಬರ್‌ನಲ್ಲಿ ಭುಜ ಕೊಯ್ಯಿಸಿಕೊಂಡ, 2011 ಖಾಲಿ. 2012ರ ಜೂನ್ 1ರಂದು 134 ಚೆಂಡು ಎಸೆದು, ಒಂದೂ ಹಿಟ್ ಕೊಡದೆ ಪಂದ್ಯ ಮುಗಿಸಿದ. ಆ ವರ್ಷದ ಆಗಸ್ಟ್ ನಂತರ ಮೇಜರ್ ಲೀಗ್‌ನಲ್ಲಿ ಅವನ ಹೆಸರಿನ ಮುಂದೆ ಏನೂ ಇಲ್ಲ.

ಗಾಯದ ಸುಳಿವು ಮೊದಲು ಸಿಗುವುದು ವೇಗದಲ್ಲಿ. ಬೇಸ್‌ಬಾಲ್ ಸಾವಂಟ್ ತಾಣದಲ್ಲಿ ಪ್ರತಿ ಎಸೆತದ ವೇಗ, ಸುತ್ತು, ಕೈಬಿಟ್ಟ ಎತ್ತರ ಸಿಗುತ್ತದೆ. ಒಂದೇ ಸೀಸನ್‌ನೊಳಗೆ ಫಾಸ್ಟ್‌ಬಾಲ್‌ನ ಸರಾಸರಿ ಗಂಟೆಗೆ ಒಂದೂವರೆ-ಎರಡು ಮೈಲಿ ಇಳಿದು ಮೇಲೇಳದಿದ್ದರೆ, ಕೈಬಿಡುವ ಎತ್ತರವೂ ಬದಲಾಗಿದ್ದರೆ, ತೋಳಿಗೆ ನೋವಿದೆ ಎಂದೇ ತಿಳಿಯಿರಿ. ಏಪ್ರಿಲ್‌ನ ವೇಗವನ್ನು ಹಿಂದಿನ ಸೆಪ್ಟೆಂಬರ್‌ಗೆ ಹೋಲಿಸಬೇಡಿ, ಚಳಿಯಲ್ಲಿ ಎಲ್ಲರದೂ ಕಡಿಮೆ. ಏಪ್ರಿಲ್‌ಗೆ ಏಪ್ರಿಲ್ ಹೋಲಿಸಿ. ವೇಗ ಏರುವುದೂ ಶುಭವೇ ಎಂದೇನಿಲ್ಲ. ಡಿಗ್ರಾಮ್‌ನ ಸರಾಸರಿ 2016ರಲ್ಲಿ 94 ಮೈಲಿಯ ಹತ್ತಿರವಿದ್ದದ್ದು 2021ರಲ್ಲಿ, 33ನೇ ವಯಸ್ಸಿನ ಹೊತ್ತಿಗೆ, 99 ಆಯಿತು. ಆ ವರ್ಷ 15 ಸ್ಟಾರ್ಟ್‌ಗೆ ಇಆರ್‌ಎ 1.08. ಅಲ್ಲಿಂದಲೇ ಪಂದ್ಯಗಳು ತಪ್ಪತೊಡಗಿದವು. 2023ರ ಜೂನ್‌ನಲ್ಲಿ ಎರಡನೇ ಸಲ ಮೊಣಕೈಯ ಅಸ್ಥಿರಜ್ಜಿನ ಶಸ್ತ್ರಚಿಕಿತ್ಸೆ. 2025ರಲ್ಲಿ ಮತ್ತೆ 30 ಸ್ಟಾರ್ಟ್, 172.2 ಇನಿಂಗ್.

2021ರ ನಡುವೆ ಎಸೆತದ ಸುತ್ತು ಹಠಾತ್ತನೆ ಇಳಿದಿದ್ದರೆ ಅದು ಗಾಯ ಆಗಿರಬೇಕಿಲ್ಲ. ಆ ವರ್ಷ ಜೂನ್ 21ರಿಂದ ಅಂಪೈರ್‌ಗಳು ಪಿಚರ್‌ಗಳ ಕೈ, ಟೋಪಿ, ಬೆಲ್ಟ್ ತಪಾಸಣೆ ಶುರುಮಾಡಿದರು. ಸುತ್ತು ಹೆಚ್ಚಿಸಲು ಚೆಂಡಿಗೆ ಅಂಟು ಬಳಸುತ್ತಿದ್ದವರು ಈ ಅಂಕಿಯಲ್ಲೇ ಬಯಲಾದರು.

ವಹಿವಾಟಿನ ಪಟ್ಟಿ ಮತ್ತು ದಿನಗಳ ಲೆಕ್ಕ

ಅಂಕಿಗಳ ಕೆಳಗೆ ವಹಿವಾಟಿನ ಪಟ್ಟಿ ಇರುತ್ತದೆ: ತಂಡ ಅವನನ್ನು ಯಾವಾಗ ಕರೆಸಿತು, ಕಳಿಸಿತು, ಬಿಟ್ಟಿತು. ಹೆಚ್ಚಿನವರು ಅಲ್ಲಿಗೆ ಇಳಿಯುವುದಿಲ್ಲ. ಬದುಕಿನ ಕಥೆ ಇರುವುದು ಅಲ್ಲೇ.

ಮೇಜರ್ ಲೀಗ್ ತಂಡದ ಜತೆಗಿದ್ದ ಪ್ರತಿ ದಿನವೂ ಸೇವಾ ದಿನ. 172 ದಿನಕ್ಕೆ ಒಂದು ವರ್ಷ; ಸೀಸನ್ ಸುಮಾರು 187 ದಿನ ಇದ್ದರೂ ವರ್ಷಕ್ಕೆ 172ಕ್ಕಿಂತ ಹೆಚ್ಚು ಸಿಗುವುದಿಲ್ಲ. ಇದನ್ನು 2.139 ಎಂಬಂತೆ ಬರೆಯುತ್ತಾರೆ: ಎರಡು ವರ್ಷ, 139 ದಿನ. ಮತ್ತದೇ ಚುಕ್ಕಿ, ಇದೂ ದಶಮಾಂಶವಲ್ಲ. ಮೂರು ವರ್ಷ ತುಂಬುವವರೆಗೆ ಸಂಬಳವನ್ನು ತಂಡವೇ ನಿಗದಿ ಮಾಡುತ್ತದೆ, ಹೆಚ್ಚಿನವರಿಗೆ ಕನಿಷ್ಠ ವೇತನದ ಹತ್ತಿರ. 2025ರಲ್ಲಿ ಅದು 7.6 ಲಕ್ಷ ಡಾಲರ್. ಮೂರರಿಂದ ಆರರವರೆಗೆ ಆರ್ಬಿಟ್ರೇಷನ್: ಒಪ್ಪಂದ ಕುದುರದಿದ್ದರೆ ಮಧ್ಯಸ್ಥರ ಮುಂದೆ ಇಬ್ಬರೂ ಒಂದೊಂದು ಅಂಕಿ ಇಡುತ್ತಾರೆ, ಅವರು ಎರಡರಲ್ಲೊಂದನ್ನು ಆರಿಸುತ್ತಾರೆ, ನಡುವಿನ ದಾರಿ ಇಲ್ಲ. ಎರಡರಿಂದ ಮೂರು ವರ್ಷದ ನಡುವೆ ಇರುವವರಲ್ಲಿ ಹೆಚ್ಚು ದಿನ ಆಡಿದ ಶೇ 22 ಮಂದಿಗೆ ಒಂದು ವರ್ಷ ಮೊದಲೇ ಈ ಹಕ್ಕು ಸಿಗುತ್ತದೆ. ಅವರನ್ನು ಸೂಪರ್ ಟೂ ಎನ್ನುತ್ತಾರೆ. ಆರು ತುಂಬಿದರೆ ಫ್ರೀ ಏಜೆಂಟ್, ಯಾವ ತಂಡಕ್ಕಾದರೂ ಹೋಗಬಹುದು.

ಡಿಗ್ರಾಮ್‌ನ ಲೆಕ್ಕ ಹಾಕಿ ನೋಡಿ. ಹುಟ್ಟಿದ್ದು 1988ರ ಜೂನ್. 2010ರ ಡ್ರಾಫ್ಟ್‌ನಲ್ಲಿ (ತಂಡಗಳು ಸರದಿಯಂತೆ ಹೊಸಬರನ್ನು ಆರಿಸುವುದು) ಒಂಬತ್ತನೇ ಸುತ್ತು. ಕಾಲೇಜಿನಲ್ಲಿ ಬಹುಪಾಲು ಶಾರ್ಟ್‌ಸ್ಟಾಪ್ (ಎರಡನೇ, ಮೂರನೇ ಬೇಸ್ ನಡುವಿನ ಫೀಲ್ಡರ್) ಆಗಿದ್ದವನು. ಅದೇ ವರ್ಷ ಮೊದಲ ಮೊಣಕೈ ಶಸ್ತ್ರಚಿಕಿತ್ಸೆ, ಹಾಗಾಗಿ ಮೈನರ್ ಲೀಗ್‌ನ (ಮೇಜರ್ ಲೀಗ್ ತಂಡಗಳು ಹುಡುಗರನ್ನು ಬೆಳೆಸುವ ಕೆಳಗಿನ ಲೀಗ್‌ಗಳು) 2011ರ ಸಾಲು ಇಲ್ಲ. ಮೇಜರ್ ಲೀಗ್‌ಗೆ ಕಾಲಿಟ್ಟದ್ದು 2014ರ ಮೇ 15, ವಯಸ್ಸು 25. ಆ ವರ್ಷ ಸಿಕ್ಕದ್ದು 139 ದಿನ. 2016ರ ಕೊನೆಗೆ 2.139, ಸೂಪರ್ ಟೂ ಆದ, 2017ಕ್ಕೆ 40.5 ಲಕ್ಷ ಡಾಲರ್, 2018ಕ್ಕೆ 74 ಲಕ್ಷ. ಆರು ವರ್ಷ ತುಂಬುವುದು 2020ರಲ್ಲಿ, 32ನೇ ವಯಸ್ಸಿಗೆ. ಆ ವಯಸ್ಸಿನ ಪಿಚರ್‌ಗೆ ಮಾರುಕಟ್ಟೆಯಲ್ಲಿ ಏನು ಸಿಗುತ್ತದೋ ಹೇಳಲಾಗದು ಎಂದೇ 2019ರ ಮಾರ್ಚ್‌ನಲ್ಲಿ ತನ್ನ ತಂಡ ಮೆಟ್ಸ್ ಜತೆ ದೀರ್ಘ ಒಪ್ಪಂದಕ್ಕೆ ಸಹಿ ಹಾಕುವುದು ಜಾಣತನವಾಗಿತ್ತು. 2022ರ ನಂತರ ಹೊರಬರುವ ಷರತ್ತನ್ನೂ ಅದರಲ್ಲಿ ಇಟ್ಟುಕೊಂಡಿದ್ದ. ಹೊರಬಂದು ಟೆಕ್ಸಸ್ ರೇಂಜರ್ಸ್‌ನಿಂದ ಐದು ವರ್ಷಕ್ಕೆ 18.5 ಕೋಟಿ ಡಾಲರ್ ಪಡೆದ. 20ನೇ ವಯಸ್ಸಿಗೆ ಬಂದಿದ್ದರೆ 26–27ಕ್ಕೇ ಮಾರುಕಟ್ಟೆಗೆ ಇಳಿಯಬಹುದಿತ್ತು. ಪಿಚರ್‌ನ ಪುಟದಲ್ಲಿ ಮೊದಲ ಸಾಲಿನ ವಯಸ್ಸನ್ನು ತಪ್ಪದೆ ನೋಡಿ ಎನ್ನುವುದು ಇದಕ್ಕೆ.

ಒಳ್ಳೆಯ ಹುಡುಗನನ್ನು ಏಪ್ರಿಲ್‌ನಲ್ಲಿ ಎರಡು ಮೂರು ವಾರ ಮೈನರ್ ಲೀಗ್‌ನಲ್ಲೇ ಇರಿಸಿ ಆಮೇಲೆ ಕರೆಸುವ ತಂಡಗಳಿವೆ. 171 ದಿನವಾದರೆ ವರ್ಷ ತುಂಬುವುದಿಲ್ಲ, ಅವನ ಮೇಲೆ ಇನ್ನೊಂದು ವರ್ಷದ ಹಕ್ಕು ಉಳಿಯುತ್ತದೆ. ಲೀಗ್ ಮತ್ತು ಆಟಗಾರರ ಸಂಘದ ನಡುವಿನ 2022ರ ಒಪ್ಪಂದ ಇದಕ್ಕೆ ಸ್ವಲ್ಪ ತಡೆ ಹಾಕಿತು: ವರ್ಷದ ಹೊಸ ಆಟಗಾರನ ಮತದಾನದಲ್ಲಿ ಮೊದಲ ಎರಡು ಸ್ಥಾನ ಪಡೆದವರಿಗೆ ಪೂರ್ಣ ವರ್ಷ ಕೊಡಬೇಕು. 2024ರ ಮೇ 11ರಂದು ಬಂದ ಸ್ಕೀನ್ಸ್ ಆ ಹೊಸ ಆಟಗಾರನ ಪ್ರಶಸ್ತಿ ಗೆದ್ದು ಆ ವರ್ಷವನ್ನು ದಕ್ಕಿಸಿಕೊಂಡ.

ಪಟ್ಟಿಯ ಪದಗಳಲ್ಲಿ ಹೆಚ್ಚು ಸಲ ಸಿಗುವವು ಆಪ್ಷನ್ಡ್ (ಕೆಳಗೆ ಕಳಿಸಿದರು) ಮತ್ತು ರಿಕಾಲ್ಡ್ (ಮತ್ತೆ ಕರೆಸಿದರು). ಮೇಜರ್ ಲೀಗ್ ತಂಡದ 40 ಜನರ ಪಟ್ಟಿಯಲ್ಲಿರುವವನನ್ನು ಮೂರು ಸೀಸನ್‌ಗಳಲ್ಲಿ ಕೆಳಗೆ ಕಳಿಸಬಹುದು, ಒಂದು ಸೀಸನ್‌ನಲ್ಲಿ ಐದು ಸಲಕ್ಕೆ ಮೀರದಂತೆ. ಕಳಿಸಿದ ಪಿಚರ್ ಕನಿಷ್ಠ 15 ದಿನ ಅಲ್ಲಿರಬೇಕು, ಗಾಯಾಳುವಿನ ಜಾಗ ತುಂಬಲು ಕರೆಸಿದರೆ ಮಾತ್ರ ವಿನಾಯಿತಿ. ಒಂದೇ ವರ್ಷ ಇವೆರಡು ಪದ ನಾಲ್ಕೈದು ಸಲ ಕಂಡರೆ, ದಣಿದ ರಿಲೀವರ್‌ಗಳ ಬದಲಿಗೆ ಹೊಸ ತೋಳು ಬೇಕಾದಾಗಲೆಲ್ಲ ಓಡಾಡಿಸಿದ ಪಿಚರ್ ಅವನು. ಆಪ್ಷನ್ ಮುಗಿದ ಮೇಲೆ ಬರುವ ಪದ ಡೆಸಿಗ್ನೇಟೆಡ್ ಫಾರ್ ಅಸೈನ್‌ಮೆಂಟ್: 40ರ ಪಟ್ಟಿಯಿಂದ ತೆಗೆದರು, ಏಳು ದಿನದೊಳಗೆ ಮಾರಬೇಕು, ಬಿಡಬೇಕು ಅಥವಾ ಬೇರಾವ ತಂಡವೂ ಬೇಡವೆಂದ ಮೇಲೆ ಕೆಳಗೆ ಕಳಿಸಬೇಕು.

ಗಾಯಾಳುಗಳ ಪಟ್ಟಿ ಪಿಚರ್‌ಗೆ 15 ದಿನದ್ದು ಅಥವಾ 60 ದಿನದ್ದು. ಮೇಜರ್ ಲೀಗ್ ಗಾಯಾಳು ಪಟ್ಟಿಯಲ್ಲಿದ್ದರೂ ಸಂಬಳ, ಸೇವಾ ದಿನ ಎರಡೂ ಸಿಗುತ್ತವೆ. ಮೈನರ್ ಲೀಗ್‌ನಲ್ಲಿದ್ದಾಗ ಗಾಯವಾದರೆ ಮೇಜರ್ ಲೀಗ್ ಸಂಬಳವೂ ಇಲ್ಲ, ಸೇವಾ ದಿನವೂ ಇಲ್ಲ. ಮೇಲಿರುವಾಗ ಗಾಯವಾಯಿತೋ ಕೆಳಗಿರುವಾಗಲೋ ಎಂಬ ಒಂದು ವಾರದ ಅಂತರ ಕೆಲವರ ಬದುಕಿಗೆ ಲಕ್ಷಾಂತರ ಡಾಲರ್‌ನ ವ್ಯತ್ಯಾಸ ತಂದಿದೆ.

ಮೈನರ್ ಲೀಗ್ ಸಾಲುಗಳು

2021ರ ನಂತರ ಪೂರ್ಣ ಸೀಸನ್‌ನ ಮೆಟ್ಟಿಲು ನಾಲ್ಕು: ಸಿಂಗಲ್ ಎ, ಹೈ ಎ, ಡಬಲ್ ಎ, ಟ್ರಿಪಲ್ ಎ. ಕೆಳಗೆ ಫ್ಲಾರಿಡಾ, ಅರಿಜೋನಾ, ಡೊಮಿನಿಕನ್ ಗಣರಾಜ್ಯದ ಆರಂಭಿಕ ಲೀಗ್‌ಗಳು. ಇಲ್ಲಿ ಇಆರ್‌ಎಗಿಂತ ವಯಸ್ಸು ಮುಖ್ಯ. 20ರ ಹುಡುಗ ಡಬಲ್ ಎಯಲ್ಲಿ 4.00 ಇಟ್ಟುಕೊಂಡರೆ ಅವನ ಮೇಲೆ ಕಣ್ಣಿಡಿ. 26ರವನು ಸಿಂಗಲ್ ಎಯಲ್ಲಿ 2.00 ಇಟ್ಟರೂ ಯಾರೂ ತಲೆ ಎತ್ತಿ ನೋಡುವುದಿಲ್ಲ. ಸೋಸುವ ಜರಡಿ ಡಬಲ್ ಎ. ಬರೀ ವೇಗದಿಂದ ಗೆದ್ದುಬಂದವರು ಅಲ್ಲಿ ನಿಲ್ಲುತ್ತಾರೆ, ಯಾಕೆಂದರೆ ಎರಡನೇ ಬಗೆಯ ಎಸೆತ ಇಲ್ಲದವನನ್ನು ಅಲ್ಲಿನ ಬ್ಯಾಟರ್‌ಗಳು ಕಾದು ಹೊಡೆಯುತ್ತಾರೆ. 2008ರ ನವೆಂಬರ್‌ನಲ್ಲಿ ಪಿಟ್ಸ್‌ಬರ್ಗ್ ಪೈರೇಟ್ಸ್ ಸಹಿ ಮಾಡಿಸಿಕೊಂಡ ಭಾರತದ ರಿಂಕು ಸಿಂಗ್ (ಕ್ರಿಕೆಟಿಗನಲ್ಲ), ದಿನೇಶ್ ಪಟೇಲ್ ಇಬ್ಬರೂ ಈಟಿ ಎಸೆಯುತ್ತಿದ್ದವರು. ಇಬ್ಬರ ಪುಟವೂ ಆ ಜರಡಿಗೆ ಬರುವ ಮೊದಲೇ ಮುಗಿಯುತ್ತದೆ.

ಹಳೆಯ ಪುಟ ಓದುವಾಗ

ಡಾಡ್ಜರ್ಸ್ ತಂಡದ ಸ್ಯಾಂಡಿ ಕೋಫ್ಯಾಕ್ಸ್‌ನ ಪುಟ ಅಭ್ಯಾಸಕ್ಕೆ ಒಳ್ಳೆಯದು. 1955ರಿಂದ 1960ರವರೆಗೆ 36–40, ವಾಕ್‌ಗಳು ಕಂಡಾಪಟ್ಟೆ. ಮೈನರ್ ಲೀಗ್‌ನ ಒಂದು ಸಾಲೂ ಇಲ್ಲ. ದೊಡ್ಡ ಬೋನಸ್ ಪಡೆದವನನ್ನು ಎರಡು ವರ್ಷ ಮೇಜರ್ ಲೀಗ್ ತಂಡದಲ್ಲೇ ಇರಿಸಬೇಕೆಂಬ ನಿಯಮ ಆಗ ಇತ್ತು. ಬೇರೆಯವರು ಕೆಳಗೆ ಕಲಿಯುವುದನ್ನು ಆತ ಎಲ್ಲರ ಕಣ್ಣೆದುರು ಕಲಿತ. 1962ರಿಂದ 1966ರವರೆಗೆ ಸತತ ಐದು ವರ್ಷ ಲೀಗ್‌ನ ಅತಿ ಕಡಿಮೆ ಇಆರ್‌ಎ ಅವನದು. ಪಿಚರ್‌ಗಳಿಗೆ ಅನುಕೂಲದ ಡಾಡ್ಜರ್ ಕ್ರೀಡಾಂಗಣ ತೆರೆದದ್ದೂ 1962ರಲ್ಲೇ, ಸ್ಟ್ರೈಕ್ ವಲಯ ಹಿಗ್ಗಿದ್ದು 1963ರಲ್ಲಿ. ಇವೆರಡನ್ನೂ ಲೆಕ್ಕಕ್ಕೆ ತೆಗೆದುಕೊಂಡ ಮೇಲೂ ಅವನ ಸ್ಟ್ರೈಕ್‌ಔಟ್-ವಾಕ್ ಅಂತರ ಹಿಗ್ಗಿದ್ದು ನಿಜ. ಅದು ಮೈದಾನದ ಕೊಡುಗೆಯಲ್ಲ. ಕೊನೆಯ ಸಾಲು 1966: 323 ಇನಿಂಗ್, 27–9, 1.73, ವಯಸ್ಸು 30. ಅಂಥ ಸಾಲಿನ ಕೆಳಗೆ ಇನ್ನೊಂದು ಸಾಲಿಲ್ಲ ಎಂದರೆ ಕಾರಣ ಅಂಕಿಗಳಲ್ಲಿ ಸಿಗದು. ಮೊಣಕೈಯ ಸಂಧಿವಾತದಿಂದ ಆತ ಆಟ ಬಿಟ್ಟ.

ಹೆಚ್ಚಿನವರ ಪುಟ ಹೀಗೆ ಮುಗಿಯುವುದಿಲ್ಲ. ಇನಿಂಗ್ ವರ್ಷದಿಂದ ವರ್ಷಕ್ಕೆ ಇಳಿಯುತ್ತದೆ, ಒಂದೇ ವರ್ಷ ಎರಡು ಮೂರು ತಂಡದ ಹೆಸರು ಬರುತ್ತದೆ, ಟ್ರಿಪಲ್ ಎ ಸಾಲುಗಳು ಮತ್ತೆ ಕಾಣಿಸಿಕೊಳ್ಳುತ್ತವೆ, ಕೊನೆಗೆ ರಿಲೀಸ್ಡ್, ಅಂದರೆ ತಂಡ ಕೈಬಿಟ್ಟಿತು. ಶ್ರೇಷ್ಠ ಆಟಗಾರರ ಗೌರವ ಪಟ್ಟಿಯಾದ ಹಾಲ್ ಆಫ್ ಫೇಮ್‌ನ ಮತಪತ್ರಕ್ಕೆ ಹೆಸರು ಬರಲು ಹತ್ತು ಸೀಸನ್ ಆಡಿ, ಬಿಟ್ಟು ಐದು ವರ್ಷ ಆಗಿರಬೇಕು. ಒಳಗೆ ಹೋಗಲು ಶೇ 75 ಮತ ಬೇಕು, ಶೇ 5 ಸಿಗದಿದ್ದರೆ ಮೊದಲ ವರ್ಷವೇ ಪಟ್ಟಿಯಿಂದ ಹೊರಕ್ಕೆ. ಪಿಂಚಣಿಯ ಹಕ್ಕಿಗೆ ಬೇಕಾದ್ದು 43 ಸೇವಾ ದಿನ, ಪೂರ್ಣ ಪಿಂಚಣಿಗೆ ಹತ್ತು ವರ್ಷ. ಒಂದೇ ಸಾಲಿನ ಪುಟವಿರುವ ಪಿಚರ್‌ನನ್ನು ನೋಡುವಾಗ ಇಆರ್‌ಎ ಬದಿಗಿಟ್ಟು ವಹಿವಾಟಿನ ದಿನಾಂಕಗಳನ್ನು ಎಣಿಸಿ: 43 ದಾಟಿದೆಯೋ ಇಲ್ಲವೋ.